ಪಾರ್ಕಿನ ಮೇಲೆ ಬಿದ್ದ ಕಣ್ಣು

ಬೆಂಗಳೂರಿನ ರಾಜಮಹಲ್ ವಿಲಾಸ್ ಬಡಾವಣೆಯ ನಕ್ಷೆಯಲ್ಲಿ ಒಂದು ತುಂಡು ಜಾಗವನ್ನು ಸಾರ್ವಜನಿಕ ಉದ್ಯಾನಕ್ಕೆಂದು ಬಿಟ್ಟಿದ್ದರು. 1945ರ ಬೆಂಗಳೂರು ನಗರ ಸುಧಾರಣಾ ಕಾಯಿದೆಯ ಪ್ರಕಾರ ಮಂಜೂರಾದ ಬಡಾವಣೆ ಅದು. 1976ರಲ್ಲಿ ಮುಖ್ಯಮಂತ್ರಿಯ ಇಚ್ಛೆಯಂತೆ ಸರ್ಕಾರದ ಆದೇಶ ಹೊರಟಿತು: ಪಾರ್ಕಿನ ಜಾಗ ನಾಗರಿಕ ಸೌಲಭ್ಯದ (ಸಿ.ಎ.) ಸೈಟ್ ಆಗಲಿ, ಅದು ನರ್ಸಿಂಗ್ ಹೋಂ ಕಟ್ಟಲು ಬೆಂಗಳೂರು ಮೆಡಿಕಲ್ ಟ್ರಸ್ಟಿಗೆ ಹೋಗಲಿ. ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರ (ಬಿಡಿಎ) ಹೂಂಗುಟ್ಟಿತು.

ವಿಚಿತ್ರವೆಂದರೆ, ಪಾರ್ಕು ಉಳಿಸುವುದಕ್ಕೆಂದೇ ಕರ್ನಾಟಕ ಕಾನೂನು ಮಾಡಿ ಆಗಿನ್ನೂ ಒಂದು ವರ್ಷವಾಗಿತ್ತು. 1975ರ ಸರ್ಕಾರಿ ಉದ್ಯಾನಗಳ ಸಂರಕ್ಷಣಾ ಕಾಯಿದೆ ಕಬ್ಬನ್ ಪಾರ್ಕು, ಲಾಲ್‌ಬಾಗ್‌ಗಳಿಗೆ ಬೇಲಿ ಹಾಕಿತ್ತು. ಅವುಗಳ ನೆಲವನ್ನು ಮಾರುವಂತಿಲ್ಲ, ಗುತ್ತಿಗೆ ಕೊಡುವಂತಿಲ್ಲ, ದಾನ, ಅದಲುಬದಲು, ಅಡಮಾನ ಯಾವುದೂ ಇಲ್ಲ. ಮಾಡಿದರೂ ಅದು ಅಸಿಂಧು. ಬಡಾವಣೆಯ ಪುಟ್ಟ ಪಾರ್ಕುಗಳಿಗೆ ಮಾತ್ರ ಆ ಬೇಲಿ ಇರಲಿಲ್ಲ.

ಬೇಲಿ ಬೇಕಾದದ್ದು ಏಕೆಂದು ಕಬ್ಬನ್ ಪಾರ್ಕಿನಲ್ಲಿ ಒಂದು ಸುತ್ತು ಬಂದರೆ ತಿಳಿಯುತ್ತದೆ. ಮೈಸೂರು ಸಂಸ್ಥಾನದ ಮುಖ್ಯ ಎಂಜಿನಿಯರ್ ರಿಚರ್ಡ್ ಸ್ಯಾಂಕಿ 1870ರಲ್ಲಿ ನೂರು ಎಕರೆಯಲ್ಲಿ ಇದನ್ನು ಶುರು ಮಾಡಿದಾಗ ಹೆಸರು ಮೀಡ್ಸ್ ಪಾರ್ಕ್. 1927ರಲ್ಲಿ ಅದು ಶ್ರೀ ಚಾಮರಾಜೇಂದ್ರ ಉದ್ಯಾನವಾಯಿತು, ಆದರೂ ಜನರ ಬಾಯಲ್ಲಿ ಉಳಿದದ್ದು ಕಬ್ಬನ್ ಪಾರ್ಕ್ ಎಂಬ ಹೆಸರೇ. ವಿಸ್ತಾರ ಹೆಚ್ಚಿದಂತೆ ಒಳಗಿನ ಕಟ್ಟಡಗಳೂ ಹೆಚ್ಚಿದವು. ವಸ್ತುಸಂಗ್ರಹಾಲಯ ಬಂತು, 1915ರಲ್ಲಿ ಶೇಷಾದ್ರಿ ಅಯ್ಯರ್ ಸ್ಮಾರಕ ಗ್ರಂಥಾಲಯ, 1917ರಲ್ಲಿ ಸೆಂಚುರಿ ಕ್ಲಬ್, ಆಮೇಲೆ ವಿಶ್ವೇಶ್ವರಯ್ಯ ಮ್ಯೂಸಿಯಂ, ಬಾಲಭವನ, ಮತ್ಸ್ಯಾಲಯ, ಟೆನಿಸ್ ಅಂಗಳ. ಗ್ರಂಥಾಲಯ ಬೇಡವೆನ್ನುವ ಧೈರ್ಯ ಯಾರಿಗಿದೆ? ಬಾಲಭವನದ ಮಕ್ಕಳ ರೈಲನ್ನು ಎಬ್ಬಿಸಿ ಎಂದು ಯಾವ ಅಪ್ಪ ಅರ್ಜಿ ಹಾಕುತ್ತಾನೆ? ಪಾರ್ಕಿನ ನೆಲ ಹೋಗುವುದು ಬಹುಮಟ್ಟಿಗೆ ಹೀಗೆ ಒಳ್ಳೆಯ ಕೆಲಸಗಳ ಹೆಸರಿನಲ್ಲೇ. ಕಚೇರಿಯ ಕಣ್ಣಿಗೆ ಮರ, ಹುಲ್ಲು, ಕಲ್ಲುಬೆಂಚು ಎಲ್ಲ ಸೇರಿ ಕಾಣುವುದು ಒಂದೇ: ‘ಜಾಗ ಖಾಲಿ ಬಿದ್ದಿದೆ.’ ಹಳ್ಳಿಯ ಗೋಮಾಳ, ಗುಂಡುತೋಪುಗಳು ಕರಗಿದ್ದೂ ಇದೇ ಮಾತಿನಿಂದಲೇ.

ರಾಜಮಹಲ್ ವಿಲಾಸ್ ಬಡಾವಣೆಯ ನಿವಾಸಿಗಳು ಈ ಮಾತನ್ನು ಒಪ್ಪದೆ ಹೈಕೋರ್ಟಿಗೆ ಹೋದರು. ಏಕಸದಸ್ಯ ಪೀಠದಲ್ಲಿ ಸೋತರು, ವಿಭಾಗೀಯ ಪೀಠದಲ್ಲಿ ಗೆದ್ದರು. ಟ್ರಸ್ಟು ಸುಪ್ರೀಂ ಕೋರ್ಟಿನ ಮೆಟ್ಟಿಲು ಹತ್ತಿತು. ಆಸ್ಪತ್ರೆಯೂ ಜನೋಪಯೋಗಿಯೇ ಅಲ್ಲವೇ, ಇದನ್ನು ಕೇಳಲು ಅಕ್ಕಪಕ್ಕದವರಿಗೆ ಏನು ಹಕ್ಕು ಎಂಬುದು ಅದರ ವಾದ.

1991ರ ಜುಲೈನಲ್ಲಿ ನ್ಯಾಯಮೂರ್ತಿಗಳಾದ ಟಿ. ಕೊಚ್ಚು ತೊಮ್ಮನ್ ಮತ್ತು ಆರ್.ಎಂ. ಸಹಾಯ್ ಮೇಲ್ಮನವಿಯನ್ನು ವಜಾ ಮಾಡಿದರು. ಬಡಾವಣೆಯ ಯೋಜನೆಯನ್ನು ಬದಲಿಸುವುದಾದರೆ ಅದು ಸುಧಾರಣೆಯಾಗಿರಬೇಕು, ಬಿಡಿಎ ತಾನೇ ವಿವೇಚಿಸಿ ತೀರ್ಮಾನಿಸಬೇಕು. ಮೇಲಿನವರ ಅಪ್ಪಣೆಗೆ ತಲೆಯಾಡಿಸಿದರೆ ಸಾಲದು. ಪಾರ್ಕನ್ನು ತೆಗೆದು ಖಾಸಗಿ ನರ್ಸಿಂಗ್ ಹೋಂ ಕಟ್ಟುವುದು ಸುಧಾರಣೆಯಲ್ಲ. ಗಾಳಿ ಬೆಳಕು ಕಳೆದುಕೊಳ್ಳುವ ನಿವಾಸಿಗೆ ಕೇಳುವ ಹಕ್ಕು ಖಂಡಿತ ಇದೆ. ಬೆಂಗಳೂರು ಮೆಡಿಕಲ್ ಟ್ರಸ್ಟ್ ವಿರುದ್ಧ ಬಿ.ಎಸ್. ಮುದ್ದಪ್ಪ ಎಂಬ ಈ ತೀರ್ಪನ್ನು ಇಂದಿಗೂ ದೇಶದ ಯಾವ ಮೂಲೆಯಲ್ಲಿ ಪಾರ್ಕಿನ ತಕರಾರು ಎದ್ದರೂ ವಕೀಲರು ಮೊದಲು ಹಿಡಿದು ನಿಲ್ಲುತ್ತಾರೆ. ಕರ್ನಾಟಕದ ನೆಲದಿಂದ ಎದ್ದ ಇಂಥ ತೀರ್ಪಿನ ನೆನಪು ಬೆಂಗಳೂರಿನವರಿಗೇ ಕಡಿಮೆ!

ಈ ನಡುವೆ ಕಾನೂನಿನ ಬೇಲಿಯೂ ಅಗಲವಾಗಿತ್ತು. ಬಿಡಿಎ ಬಡಾವಣೆಯಲ್ಲಿ ನೂರಕ್ಕೆ 15ರಷ್ಟಾದರೂ ನೆಲ ಪಾರ್ಕು, ಆಟದ ಮೈದಾನಗಳಿಗೆ ಇರಲೇಬೇಕೆಂಬ ನಿಯಮ ಬಂತು. ಅದನ್ನು ಬೇರೆ ಉದ್ದೇಶಕ್ಕೆ ಕೊಟ್ಟರೆ ಅಸಿಂಧು ಎನ್ನುವ 38-ಎ ಕಲಮು ಬಿಡಿಎ ಕಾಯಿದೆಗೆ ಸೇರಿತು. ನಗರಗಳ ಪಾರ್ಕು, ಮೈದಾನ, ಬಯಲುಗಳಿಗೆಂದು 1985ರ ಕಾಯಿದೆ ಬಂತು.

ಆದರೆ ಬೇಲಿಯ ಗೂಟ ನೆಟ್ಟವರೇ ಅದನ್ನು ಸರಿಸಲೂಬಲ್ಲರು. ಕಬ್ಬನ್ ಪಾರ್ಕಿನ ಗಡಿಯಿಂದ ಮೂವತ್ತಕ್ಕೂ ಹೆಚ್ಚು ಎಕರೆಯನ್ನು ಕೈಬಿಡಲು 1998ರಲ್ಲಿ ಸರ್ಕಾರ ಹೊರಟಾಗ ಬೆಂಗಳೂರಿನ ಜನ ಬೀದಿಗಿಳಿದರು. 2009ರಲ್ಲಿ ಮೆಟ್ರೊಗಾಗಿ ಲಾಲ್‌ಬಾಗಿನ ಗೋಡೆ ಒಡೆದಾಗಲೂ ಅಷ್ಟೇ. ಎರಡೂ ಸಲ ಎದುರಿಗಿದ್ದದ್ದು ಕಳ್ಳನಲ್ಲ, ಸರ್ಕಾರ.

ರಾಜಮಹಲ್ ವಿಲಾಸ್‌ನವರ ಕೈಯಲ್ಲಿದ್ದ ಗಟ್ಟಿ ಆಧಾರ ಮಂಜೂರಾದ ನಕ್ಷೆ. ನಿಮ್ಮ ಬಡಾವಣೆಯ ನಕ್ಷೆಯದೂ ಒಂದು ಪ್ರತಿ ಈಗಲೇ ಪಡೆದು ಮನೆಯಲ್ಲಿಡಿ. ಅದರಲ್ಲಿ ಪಾರ್ಕೆಂದು ಗುರುತಾದ ಜಾಗಕ್ಕೆ ಒಮ್ಮೆ ನಡೆದು ಹೋಗಿ, ಅಲ್ಲಿ ಈಗ ಏನಿದೆಯೆಂದು ನೋಡಿ ಬನ್ನಿ.