ಸೀರಿಯಲ್ ನಂಬರ್ ಬಾಯಿ ಬಿಟ್ಟಾಗ

ಲೆಕ್ಕದ ಇತಿಹಾಸ | ಕಂತು 6

ನಿಮ್ಮ ಮನೆಯ ಯುಪಿಎಸ್, ರೂಟರ್, ಪ್ರಿಂಟರ್, ಯಾವುದಾದ್ರೂ ಸರಿ, ಹಿಂದೆ ತಿರುಗಿಸಿ ಸ್ಟಿಕ್ಕರ್ ನೋಡಿ. ಸಾಮಾನ್ಯವಾಗಿ ಎರಡು ನಂಬರ್ ಇರುತ್ತೆ. ಮಾಡೆಲ್ ನಂಬರ್ ಹೇಳೋದು ಇದು ಯಾವ ಬಗೆಯ ವಸ್ತು ಅಂತ. ಸೀರಿಯಲ್ ನಂಬರ್ ಹೇಳೋದು ಆ ಬಗೆಯ ಸಾವಿರಾರು ವಸ್ತುಗಳಲ್ಲಿ ಇದು ಯಾವುದು ಅಂತ.

ಫ್ಯಾಕ್ಟರಿಗೆ ಈ ಎರಡನೇ ನಂಬರ್ ಬೇಕೇ ಬೇಕು. ಒಂದು ವಾರ ತಯಾರಾದ ಮಾಲಿನಲ್ಲಿ ದೋಷ ಕಂಡರೆ ಆ ವಾರದ್ದನ್ನಷ್ಟೇ ವಾಪಸ್ ಕರೆಸಬೇಕು. ಅಳತೆ ಉಪಕರಣಕ್ಕೆ ಕ್ಯಾಲಿಬ್ರೇಷನ್ ಸರ್ಟಿಫಿಕೇಟ್ ಕೊಟ್ಟರೆ, ಅದು ಆ ಒಂದು ಉಪಕರಣಕ್ಕೆ ಮಾತ್ರ ಸೇರಿದ್ದು ಅಂತ ತೋರಿಸಬೇಕು. ನಂಬರ್ ಇಲ್ಲದೆ ಇದ್ಯಾವುದೂ ಆಗಲ್ಲ.

ಆದ್ರೆ ನಂಬರ್‌ಗೆ ಇನ್ನೊಂದು ಗುಣ ಇದೆ. ಓದೋಕೆ ಬಂದವರಿಗೆಲ್ಲ ಅದು ಕಥೆ ಹೇಳುತ್ತೆ, ಶತ್ರುವಿಗೂ.

1943ರ ಆರಂಭ. ಎರಡನೇ ಮಹಾಯುದ್ಧ ನಡೀತಿದೆ. ಜರ್ಮನಿ ತಿಂಗಳಿಗೆ ಎಷ್ಟು ಟ್ಯಾಂಕ್ ತಯಾರಿಸ್ತಿದೆ ಅನ್ನೋದು ಮಿತ್ರರಾಷ್ಟ್ರಗಳಿಗೆ ಜೀವ ಹೋಗೋ ಪ್ರಶ್ನೆ. ಗೂಢಚಾರರ ವರದಿಗಳು ದೊಡ್ಡ ದೊಡ್ಡ ಸಂಖ್ಯೆ ಹೇಳ್ತಿದ್ದವು. ಲಂಡನ್‌ನ ಅಮೆರಿಕ ರಾಯಭಾರ ಕಚೇರಿಯಲ್ಲಿ ಆರ್ಥಿಕ ಯುದ್ಧ ವಿಭಾಗ ಅಂತ ಒಂದಿತ್ತು. ಅಲ್ಲಿನವರು ಬೇರೆ ದಾರಿ ಹಿಡಿದರು. ಸೆರೆಸಿಕ್ಕ, ಸುಟ್ಟುಹೋದ ಜರ್ಮನ್ ಟ್ಯಾಂಕ್‌ಗಳ ಮೇಲಿನ ನಂಬರ್‌ಗಳನ್ನ ಬರೆದುಕೊಳ್ಳೋಕೆ ಶುರು ಮಾಡಿದರು. ಎಂಜಿನ್, ಚಾಸಿ, ಗೇರ್‌ಬಾಕ್ಸ್, ಎಲ್ಲದರ ಮೇಲೂ ನಂಬರ್ ಇತ್ತು. ಅದರಲ್ಲೂ ಗೇರ್‌ಬಾಕ್ಸ್ ನಂಬರ್‌ಗಳು ಮಧ್ಯೆ ಎಲ್ಲೂ ತುಂಡಾಗದೆ ಸಾಲಾಗಿ ಸಾಗಿದ್ದವು.

ಲೆಕ್ಕ ಹೇಗೆ? ಸುಲಭದ ಉದಾಹರಣೆ ತಗೊಳ್ಳಿ. 1ರಿಂದ ಶುರುವಾಗೋ ಸಾಲಿನಲ್ಲಿ ನಿಮ್ಮ ಕೈಗೆ ನಾಲ್ಕೇ ನಂಬರ್ ಸಿಕ್ಕಿವೆ: 14, 33, 52, 80. ದೊಡ್ಡದು 80. ಅಂದ್ರೆ ಒಟ್ಟು 80 ಅಂತೂ ಇವೆ, ಇನ್ನೂ ಜಾಸ್ತಿ ಇರಬಹುದು. 80ರವರೆಗೆ ನೀವು ನೋಡದೇ ಇರೋ ನಂಬರ್ 76. ಅವು ನಾಲ್ಕು ಗ್ಯಾಪ್‌ಗಳಲ್ಲಿ ಹಂಚಿಹೋಗಿವೆ. ಸರಾಸರಿ ಒಂದು ಗ್ಯಾಪ್‌ಗೆ 19. ಹಾಗಾದ್ರೆ 80ರ ಮೇಲೂ ಅಂಥದ್ದೇ ಒಂದು ಗ್ಯಾಪ್ ಇರಬಹುದು ಅಂತ ಅಂದಾಜು: 80 + 19 = 99. ಅಷ್ಟೇ! ಸ್ಟ್ಯಾಟಿಸ್ಟಿಕ್ಸ್‌ನಲ್ಲಿ ಇದಕ್ಕೆ ‘ಜರ್ಮನ್ ಟ್ಯಾಂಕ್ ಪ್ರಾಬ್ಲಂ’ ಅಂತಾನೇ ಹೆಸರು.

ಈಗ ನಿಜವಾದ ಅಂಕಿ ನೋಡಿ. 1941ರ ಜೂನ್ ತಿಂಗಳ ಉತ್ಪಾದನೆ ಬಗ್ಗೆ ಗೂಢಚಾರರ ಅಂದಾಜು 1,550 ಟ್ಯಾಂಕ್. ನಂಬರ್ ಲೆಕ್ಕ ಹೇಳಿದ್ದು 244. ಯುದ್ಧ ಮುಗಿದ ಮೇಲೆ ಜರ್ಮನಿಯ ಕಡತ ತೆಗೆದು ನೋಡಿದಾಗ ಸಿಕ್ಕಿದ್ದು 271. 1942ರ ಆಗಸ್ಟ್‌ಗೆ ಗೂಢಚಾರರು ಮತ್ತೆ 1,550 ಅಂದಿದ್ದರು. ನಂಬರ್ ಲೆಕ್ಕ 327. ಕಡತದಲ್ಲಿದ್ದದ್ದು 342.

ಈ ಲೆಕ್ಕ ಯಾವಾಗಲೂ ‘ಕಡಿಮೆ ಇದೆ, ಭಯ ಬೇಡ’ ಅಂತಾನೇ ಹೇಳ್ತಿರಲಿಲ್ಲ. 1944ರ ಜೂನ್‌ನಲ್ಲಿ ಫ್ರಾನ್ಸಿನ ನಾರ್ಮಂಡಿ ತೀರದಲ್ಲಿ ಸೈನ್ಯ ಇಳಿಯೋ ಮೊದಲು, ಪ್ಯಾಂಥರ್ ಅನ್ನೋ ಭಾರಿ ಟ್ಯಾಂಕ್ ಎಷ್ಟಿವೆ ಅನ್ನೋ ಚಿಂತೆ ಇತ್ತು. ಎರಡೇ ಎರಡು ಪ್ಯಾಂಥರ್‌ಗಳ ಚಕ್ರದ ಮೇಲಿನ ಅಚ್ಚಿನ ನಂಬರ್ ಹಿಡಿದು, ಆ ವರ್ಷದ ಫೆಬ್ರವರಿಯಲ್ಲಿ 270 ತಯಾರಾಗಿವೆ ಅಂತ ಅಂದಾಜು ಮಾಡಿದರು. ಅಲ್ಲಿವರೆಗೆ ಅಂದುಕೊಂಡಿದ್ದಕ್ಕಿಂತ ಇದು ತುಂಬಾ ಜಾಸ್ತಿ. ಕಡತದಲ್ಲಿದ್ದ ನಿಜ ಸಂಖ್ಯೆ 276. ತೀರದಲ್ಲಿ ಇಳಿಯೋ ಹುಡುಗರ ಎದುರಿಗೆ ಏನು ಕಾದಿದೆ ಅನ್ನೋದನ್ನ ಚಕ್ರಗಳೇ ಹೇಳಿದ್ದವು.

1947ರಲ್ಲಿ ಈ ಕೆಲಸದ ವಿವರವನ್ನ ಜಗತ್ತಿನ ಮುಂದಿಟ್ಟವರು ರಿಚರ್ಡ್ ರಗಲ್ಸ್ ಮತ್ತು ಹೆನ್ರಿ ಬ್ರೋಡಿ. ಬಂದೂಕು ಹಿಡಿಯದೆ ಬರೀ ಪೆನ್ನು, ಪಟ್ಟಿ ಹಿಡಿದು ಮಾಡಿದ ಕೆಲಸ ಇದು. ಬಿಕಾಂ ಓದೋ ನನಗೆ ಇದು ಸ್ವಲ್ಪ ಹೆಮ್ಮೆ ವಿಷಯ, ಒಪ್ಕೋತೀನಿ.

ಯಾಕಂದ್ರೆ ಇದು ನಮ್ಮ ಬಿಲ್ ಬುಕ್ ಕಥೆನೇ. ಒಂದು ಅಂಗಡಿಯಲ್ಲಿ ಸೋಮವಾರ ಬೆಳಿಗ್ಗೆ ಒಂದು ಬಿಲ್, ಶನಿವಾರ ರಾತ್ರಿ ಒಂದು ಬಿಲ್ ಮಾಡಿಸಿ. ಎರಡು ನಂಬರ್ ಕಳೆದರೆ ಆ ವಾರ ಎಷ್ಟು ಬಿಲ್ ಆಯ್ತು ಅಂತ ಗೊತ್ತಾಗಿಬಿಡುತ್ತೆ. ಜಿಎಸ್‌ಟಿ ನಿಯಮವೂ ಬಿಲ್ ನಂಬರ್ ಒಂದಾದ ಮೇಲೊಂದು ಇರಬೇಕು, 16 ಅಕ್ಷರ ದಾಟಬಾರದು, ಆ ಆರ್ಥಿಕ ವರ್ಷದಲ್ಲಿ ಎರಡು ಸಲ ಬರಬಾರದು ಅನ್ನುತ್ತೆ. ಮಧ್ಯೆ ನಂಬರ್ ತಪ್ಪಿದ್ರೆ ಆಡಿಟರ್ ಮೊದಲು ಕೇಳೋದೇ, ‘ಆ ಬಿಲ್ ಎಲ್ಲಿ?’ ಸಾಲು ತಪ್ಪದ ನಂಬರ್ ಲೆಕ್ಕ ಕೇಳೋರಿಗೆ ಪ್ರಾಮಾಣಿಕತೆ. ಪಕ್ಕದ ಅಂಗಡಿಯವನಿಗೆ ಅದೇ ಗುಟ್ಟು.

ಎಲೆಕ್ಟ್ರಾನಿಕ್ಸ್ ಕಂಪನಿಗಳಿಗೂ ಇದೇ ಇಕ್ಕಟ್ಟು. ಸರ್ಕ್ಯೂಟ್ ಬೋರ್ಡ್ ಮೇಲಿನ ಚಿಪ್‌ಗಳಲ್ಲಿ ಸಾಮಾನ್ಯವಾಗಿ ನಾಲ್ಕಂಕಿಯ ಡೇಟ್ ಕೋಡ್ ಇರುತ್ತೆ. 2314 ಅಂದ್ರೆ 2023ರ 14ನೇ ವಾರ. ರಿಪೇರಿಯವರಿಗೆ ಇದು ಅನುಕೂಲ. ಆಪಲ್ ಕಂಪನಿಯ ಹಳೆಯ 12 ಅಕ್ಷರದ ಸೀರಿಯಲ್ ನಂಬರ್‌ನಲ್ಲಿ ಫ್ಯಾಕ್ಟರಿ, ವರ್ಷ, ವಾರ ಎಲ್ಲ ಅಡಗಿತ್ತು, ಗೊತ್ತಿದ್ದವರು ಓದ್ತಿದ್ದರು. 2021ರಿಂದ ಅದು ಅರ್ಥವಿಲ್ಲದ ಅಕ್ಷರಗಳ ಕಲಸುಮೇಲೋಗರಕ್ಕೆ ಬದಲಾಯ್ತು. ಕಂಪನಿಗೆ ಅದು ಈಗಲೂ ವಿಳಾಸ. ಹೊರಗಿನವರಿಗೆ ಬರೀ ಅಕ್ಷರ.

ನಂಬರ್ ಸುಳ್ಳು ಹೇಳಲ್ಲ, ಆದ್ರೆ ಯಾರು ಕೇಳಿದ್ರೂ ಹೇಳಿಬಿಡುತ್ತೆ. ಅದಕ್ಕೇ ಎರಡು ಮಾತು. ಸೆಕೆಂಡ್ ಹ್ಯಾಂಡ್ ವಸ್ತು ತಗೊಳ್ಳುವಾಗ ವಸ್ತು, ಡಬ್ಬ, ಬಿಲ್ ಮೂರರ ನಂಬರ್ ಒಂದೇನಾ ನೋಡಿ. ಹೊಸ ಫೋನ್ ಡಬ್ಬದ ಫೋಟೋ ಇಲ್ಲಿ ಹಾಕೋ ಮೊದಲು ಸ್ಟಿಕ್ಕರ್ ಮೇಲೆ ಬೆರಳಿಡಿ.

#ಲೆಕ್ಕದಇತಿಹಾಸ #ಸೀರಿಯಲ್‌ನಂಬರ್ #ಕನ್ನಡದಲ್ಲಿಇತಿಹಾಸ