ಬೈಲುಗದ್ದೆಯ ಜೇಕು

ಮಂಗಳೂರಿನ ಚರಿತ್ರೆ ಎಂದೊಡನೆ ನಮಗೆ ನೆನಪಾಗುವುದು ಅಳುಪ ಅರಸರು, ಕದ್ರಿಯ ಲೋಕೇಶ್ವರನ ಕಂಚಿನ ವಿಗ್ರಹ, ಪೋರ್ಚುಗೀಸರ ಹಡಗುಗಳು, ಟಿಪ್ಪು ಮತ್ತು ಇಂಗ್ಲಿಷರ ನಡುವಿನ 1784ರ ಒಪ್ಪಂದ, ಬಾಸೆಲ್ ಮಿಷನ್ನಿನ ಹೆಂಚು ಮತ್ತು ಅಚ್ಚುಕೂಟ. ಅರಸರು ಶಾಸನ ಬಿಟ್ಟುಹೋದರು, ವ್ಯಾಪಾರಿಗಳು ಕಡತ ಬಿಟ್ಟುಹೋದರು. ಆದರೆ ಈ ಊರಿನ ನಡುವೆ ನೀರು ತುಂಬಿ ನಿಂತಿದ್ದ ಗದ್ದೆಗಳ ಚರಿತ್ರೆಗೆ ಸಾಕ್ಷಿ ಯಾರು? ಇಲ್ಲಿ ನಿಮ್ಮ ಮುಂದೆ ತರುವ ಸಾಕ್ಷಿ ಒಂದು ಕಳೆಗಿಡ, ಗದ್ದೆಯ ಜೇಕು.

ಜೇಕು ಎಂದರೆ ಹುಲ್ಲಲ್ಲವೆ ಎಂದು ನೀವು ಕೇಳಬಹುದು. ನೋಡಲು ಹುಲ್ಲಿನಂತಿದ್ದರೂ ಅದರ ಕುಲ ಬೇರೆ. ದಂಟನ್ನು ಬೆರಳುಗಳ ನಡುವೆ ಹಿಡಿದು ತಿರುಗಿಸಿ ನೋಡಿ. ಹುಲ್ಲಿನ ದಂಟು ಸಾಮಾನ್ಯವಾಗಿ ದುಂಡಗಿದ್ದು ಗಿಣ್ಣುಗಳ ನಡುವೆ ಟೊಳ್ಳಾಗಿರುತ್ತದೆ. ಜೇಕಿನ ದಂಟಿಗೆ ಮೂರು ಏಣು, ಒಳಗೆ ಗಟ್ಟಿ, ಗಿಣ್ಣು ಕಾಣುವುದಿಲ್ಲ. ಎಲೆಗಳು ಕೂಡ ಮೂರು ಸಾಲಿನಲ್ಲಿ ಹೊರಡುತ್ತವೆ. ಸಸ್ಯಶಾಸ್ತ್ರಜ್ಞರು ಸೈಪರೇಸಿ ಎಂದು ಕರೆಯುವ ಈ ಕುಟುಂಬದಲ್ಲಿ ಜಗತ್ತಿನಾದ್ಯಂತ ಸುಮಾರು 5,500 ಜಾತಿಗಳಿವೆ. ಆಯುರ್ವೇದದ ಮುಸ್ತಾ, ಅಂದರೆ ನಮ್ಮ ಕೊನ್ನಾರಿ ಗಡ್ಡೆ, ಇದೇ ಕುಟುಂಬದ್ದು. ಈಜಿಪ್ಟಿನವರು ಬರೆಯಲು ಬಳಸಿದ ಪಪೈರಸ್ ಕೂಡ ಇದರ ನಂಟನೇ.

ನಾವು ಮಾತನಾಡುತ್ತಿರುವ ಗದ್ದೆಯ ಜೇಕಿನ ಶಾಸ್ತ್ರೀಯ ಹೆಸರು ಸೈಪರಸ್ ಇರಿಯಾ. ಕೊನ್ನಾರಿಯಂತೆ ಇದಕ್ಕೆ ಗಡ್ಡೆಯಿಲ್ಲ. ಬೇರಿನ ಗೊಂಚಲು ಮಾತ್ರ. ಮಳೆಯೊಂದಿಗೆ ಮೊಳೆತು, ಹಳದಿ ಮಿಶ್ರಿತ ಕಂದು ತೆನೆ ಬಿಟ್ಟು, ಭತ್ತ ಕೊಯ್ಲಿಗೆ ಬರುವ ಮೊದಲೇ ಸಾವಿರಾರು ಬೀಜ ಉದುರಿಸಿ ಸಾಯುತ್ತದೆ. ಎಳೆಯದರಲ್ಲಿ ಭತ್ತದ ಸಸಿಯಂತೆಯೇ ಕಾಣುವುದರಿಂದ ಕಳೆ ಕೀಳುವ ಹೆಂಗಸರ ಕಣ್ಣನ್ನೂ ಕೆಲವೊಮ್ಮೆ ತಪ್ಪಿಸುತ್ತದೆ.

ಇರಿಯಾ ಎಂಬ ಹೆಸರು ಎಲ್ಲಿಂದ ಬಂತು? ಅದು ಲ್ಯಾಟಿನ್ ಅಲ್ಲ, ನಮ್ಮ ಕರಾವಳಿಯದೇ. ಕೊಚ್ಚಿಯಲ್ಲಿ ಡಚ್ಚರ ಅಧಿಕಾರಿಯಾಗಿದ್ದ ವಾನ್ ರೀಡ್ ಮಲಬಾರಿನ ಸಸ್ಯಗಳನ್ನು ಕುರಿತು ‘ಹೋರ್ಟಸ್ ಮಲಬಾರಿಕಸ್’ ಎಂಬ 12 ಸಂಪುಟಗಳ ಗ್ರಂಥವನ್ನು ಸಿದ್ಧಪಡಿಸಿದ. ಅದು 1678ರಿಂದ 1693ರವರೆಗೆ ಆಂಸ್ಟರ್‌ಡ್ಯಾಮಿನಲ್ಲಿ ಅಚ್ಚಾಯಿತು. ಈ ಕೆಲಸದಲ್ಲಿ ಅವನಿಗೆ ನೆರವಾದವರು ಇಟ್ಟಿ ಅಚ್ಯುತನ್ ಎಂಬ ಈಳವ ವೈದ್ಯ ಮತ್ತು ರಂಗ ಭಟ್, ವಿನಾಯಕ ಪಂಡಿತ್, ಅಪ್ಪು ಭಟ್ ಎಂಬ ಮೂವರು ಕೊಂಕಣಿ ವೈದ್ಯರು. ಅವರ ಕೊಂಕಣಿ ಇಂದಿಗೂ ಮಂಗಳೂರಿನ ರಥಬೀದಿಯಲ್ಲಿ ಕೇಳಿಬರುವ ಮಾತು. ಹನ್ನೆರಡನೆಯ ಸಂಪುಟದಲ್ಲಿ ‘ಇರಿಯಾ’ ಎಂಬ ಸ್ಥಳೀಯ ಹೆಸರಿನೊಂದಿಗೆ ಈ ಜೇಕಿನ ಚಿತ್ರವಿದೆ. 1753ರಲ್ಲಿ ಸ್ವೀಡನ್ನಿನ ಲಿನೇಯಸ್ ಜಗತ್ತಿನ ಸಸ್ಯಗಳಿಗೆ ಎರಡು ಪದಗಳ ಹೆಸರಿಡುವಾಗ ಅದನ್ನೇ ಉಳಿಸಿಕೊಂಡ.

ಇನ್ನು ಮಂಗಳೂರಿಗೆ ಬರೋಣ. ತುಳುನಾಡಿನ ರೈತ ಗದ್ದೆಯನ್ನು ಮೂರು ಬಗೆಯಾಗಿ ಎಣಿಸುತ್ತಾನೆ: ಎತ್ತರದ ಬೆಟ್ಟು, ನಡುವಿನ ಮಜಲು, ತಗ್ಗಿನ ಬೈಲು. ಬೆಟ್ಟಿನಲ್ಲಿ ಏಣೆಲು ಒಂದೇ ಬೆಳೆ, ಮಜಲಿನಲ್ಲಿ ಸುಗ್ಗಿಯೂ ಸೇರಿ ಎರಡು, ನೀರು ಆರದ ಬೈಲಿನಲ್ಲಿ ಕೊಳಕೆಯೂ ಸೇರಿ ಮೂರು. 1801ರ ಆರಂಭದಲ್ಲಿ ಇಲ್ಲಿಗೆ ಬಂದ ಫ್ರಾನ್ಸಿಸ್ ಬುಕಾನನ್ ಕೂಡ ಈ ವಿಂಗಡಣೆಯನ್ನು ಬರೆದಿಟ್ಟಿದ್ದಾನೆ. ನಗರದ ಹೆಸರುಗಳನ್ನು ಒಮ್ಮೆ ಗಮನಿಸಿ. ಕೊಡಿಯಾಲ್‌ಬೈಲ್ ಎಂಬಲ್ಲಿ ‘ಬೈಲು’ ಇದೆ. ಕದ್ರಿ ಕಂಬಳ ಎಂಬಲ್ಲಿ ಕೋಣಗಳು ಓಡಿದ ಕೆಸರುಗದ್ದೆಯ ನೆನಪಿದೆ. ಇಂದು ಆ ಹೆಸರಿನ ಬಸ್ಸು ಹತ್ತುವವರಿಗೆ ಅಲ್ಲಿ ಕಾಣುವುದು ಕಾಂಕ್ರೀಟು ಮಾತ್ರ.

ಆ ಗದ್ದೆಗಳು ಹಸಿಯಾಗಿದ್ದ ಕಾಲದ ದಾಖಲೆ ಸಾವಿರಾರು ಮೈಲು ದೂರದಲ್ಲಿದೆ. 1834ರಲ್ಲಿ ಬಾಸೆಲ್ ಮಿಷನ್ ಮಂಗಳೂರಿಗೆ ಬಂತು. ಮಿಷನ್ನಿನ ಮೆಟ್ಜ್ ಮುಂತಾದವರು 1840ರ ದಶಕದಲ್ಲಿ ಕೆನರಾ ಪ್ರಾಂತ್ಯದ ಸಸ್ಯಗಳನ್ನು ಒಣಗಿಸಿ ಜರ್ಮನಿಗೆ ಕಳುಹಿಸಿದರು. ಅಲ್ಲಿ ಹೋಹನಾಕರ್ ಎಂಬಾತ ಅವುಗಳಿಗೆ ಚೀಟಿ ಅಂಟಿಸಿ, ಕಂತೆ ಕಟ್ಟಿ, ಯೂರೋಪಿನ ಸಂಗ್ರಹಾಲಯಗಳಿಗೆ ಮಾರುತ್ತಿದ್ದ. ‘ಮಂಗಳೂರು ನಗರದ ಬಳಿ’ ಎಂಬರ್ಥದ ಲ್ಯಾಟಿನ್ ಬರಹವಿರುವ ಆ ಹಾಳೆಗಳು ಇಂದಿಗೂ ಅಲ್ಲಿ ಉಳಿದಿವೆ. ಇಂಥ ಸಂಗ್ರಹಗಳನ್ನು ಆಧರಿಸಿ ಎಸ್‌ಲಿಂಗೆನ್ ಊರಿನ ವೈದ್ಯ ಸ್ಟಾಯ್ಡೆಲ್ ಹುಲ್ಲು ಮತ್ತು ಜೇಕುಗಳ ದೊಡ್ಡ ಗ್ರಂಥವನ್ನು 1853-55ರಲ್ಲಿ ಹೊರತಂದ. ನಮ್ಮ ರೈತರು ಕಿತ್ತು ಬದುವಿಗೆ ಎಸೆಯುತ್ತಿದ್ದ ಗಿಡಗಳಿಗೆ ಅಲ್ಲಿ ಅಂಥ ಬೆಲೆ ಬಂತು. ಬಹುಕಾಲದ ಮೇಲೆ, 2001ರಲ್ಲಿ, ಉಡುಪಿಯ ಕೆ. ಗೋಪಾಲಕೃಷ್ಣ ಭಟ್ ಮತ್ತು ಸಿ. ಆರ್. ನಾಗೇಂದ್ರನ್ ದಕ್ಷಿಣ ಕನ್ನಡ ಮತ್ತು ಉಡುಪಿ ಜಿಲ್ಲೆಗಳ ಜೇಕು ಮತ್ತು ಹುಲ್ಲುಗಳಿಗಾಗಿಯೇ ಒಂದು ಪುಸ್ತಕ ಬರೆದರು.

ಈ ಕಳೆಯಿಂದ ಏನು ಪ್ರಯೋಜನ ಎನ್ನುವವರಿಗೆ ಒಂದು ಸಂಗತಿ ಹೇಳಬೇಕು. ಕೀಟದ ಮರಿ ಬೇಗನೆ ಪ್ರೌಢವಾಗದಂತೆ ತಡೆದು ಹಿಡಿಯುವ ಒಂದು ಹಾರ್ಮೋನು ಉಂಟು. ಅದುವರೆಗೆ ಕೀಟಗಳ ಮೈಯಲ್ಲಿ ಮಾತ್ರ ಕಂಡಿದ್ದ ಆ ಹಾರ್ಮೋನು ಸೈಪರಸ್ ಇರಿಯಾದಲ್ಲಿಯೂ ಇದೆ ಎಂದು 1988ರಲ್ಲಿ ಮಲೇಶಿಯಾದ ಟೂಂಗ್ ಮತ್ತು ಸಂಗಡಿಗರು ‘ನೇಚರ್’ ಪತ್ರಿಕೆಯಲ್ಲಿ ಪ್ರಕಟಿಸಿದರು. ಈ ಗಿಡ ತಿಂದು ಬೆಳೆದ ಹೆಣ್ಣು ಮಿಡತೆಗಳು ಬಂಜೆಯಾದವು. ಓಡಲಾರದ ಗಿಡ ತನ್ನ ಶತ್ರುವಿನ ಸಂತಾನಕ್ಕೇ ಕೈಹಾಕಿತ್ತು! ಡೆಂಗ್ಯೂ ಹರಡುವ ಈಡಿಸ್ ಸೊಳ್ಳೆಯ ಮರಿಗಳಿಗೂ ಇದರ ಸಾರ ಮಾರಕವೆಂದು 1998ರ ಇನ್ನೊಂದು ಅಧ್ಯಯನ ತಿಳಿಸಿತು. ಇದರಿಂದ ಸೊಳ್ಳೆಗೆ ಮದ್ದು ಸಿಕ್ಕಿತೆಂದು ಭಾವಿಸಬೇಡಿ. ಪ್ರಯೋಗಶಾಲೆಯ ಮಾತು ಬೇರೆ, ಊರಿನ ಮಾತು ಬೇರೆ.

ಆದರೂ ಕಾಲದ ವಿಪರ್ಯಾಸ ನೋಡಿ. 1974ರಲ್ಲಿ ಭೂಸುಧಾರಣೆಯ ತಿದ್ದುಪಡಿ ಜಾರಿಗೆ ಬಂತು. ಅದೇ ವರ್ಷ ಪಣಂಬೂರಿನ ಹೊಸ ಬಂದರು ದೇಶದ ಪ್ರಮುಖ ಬಂದರೆನಿಸಿತು. ಗೇಣಿದಾರನಿಗೆ ಭೂಮಿ ಸಿಕ್ಕಿತು, ಊರಿಗೆ ಉದ್ಯಮ ಬಂತು, ಎರಡೂ ಬೇಕಾದವೇ. ಆದರೆ ಬರಬರುತ್ತ ಆಳು ಸಿಗದೆ, ಭತ್ತ ಗಿಟ್ಟದೆ ಗದ್ದೆಗಳು ತೋಟವಾದವು, ತೋಟಗಳು ನಿವೇಶನವಾದವು. ಬೈಲಿಗೆ ಮಣ್ಣು ಬಿತ್ತು. 1990ರ ದಶಕದಲ್ಲಿ ನಗರವನ್ನು ಕಾಡಿದ ಮಲೇರಿಯಕ್ಕೆ ಕಟ್ಟಡ ಕಾಮಗಾರಿಗಳಲ್ಲಿ ನಿಂತ ನೀರು ಒಂದು ಮುಖ್ಯ ಕಾರಣವಾಗಿತ್ತು. 2018ರ ಮೇ 29ರಂದು ಸುರಿದ ಮಳೆಗೆ ಕೊಟ್ಟಾರ ಚೌಕಿಯಂಥ ತಗ್ಗು ಪ್ರದೇಶಗಳು ಮುಳುಗಿದವು. ಗದ್ದೆಯಲ್ಲಿ ಹರಡಿ, ಇಂಗಿ, ತೋಡಿನಲ್ಲಿ ಹರಿದುಹೋಗಬೇಕಾದ ನೀರಿಗೆ ಬೇರೆಲ್ಲಿ ಜಾಗವಿತ್ತು?

ಮುಂದಿನ ಮಳೆಗಾಲದಲ್ಲಿ ನಿಮ್ಮ ಬೀದಿಯ ಖಾಲಿ ನಿವೇಶನವನ್ನೋ ತೋಡಿನ ಅಂಚನ್ನೋ ಸ್ವಲ್ಪ ಬಾಗಿ ನೋಡಿ. ಮೂರು ಏಣಿನ ದಂಟು ಕೈಗೆ ಸಿಕ್ಕರೆ ಅಲ್ಲಿ ನೆಲ ತೇವವಾಗಿರಬಹುದು. ಅಂಥಲ್ಲಿ ಮನೆ ಕಟ್ಟುವ ಮೊದಲು, ತೋಡು ಮುಚ್ಚುವ ಮೊದಲು, ಪಕ್ಕದ ಹಿರಿಯರನ್ನು ಇದು ಹಿಂದೆ ಬೆಟ್ಟೋ ಬೈಲೋ ಎಂದು ಕೇಳಿ. ಹಾಗೆ ಹೇಳಬಲ್ಲವರು ಇನ್ನೂ ನಮ್ಮ ನಡುವೆ ಇದ್ದಾರೆ.