ಆಮೆ ಬೆಳೆಯಲು, ಮೊಟ್ಟೆ ಇಡಲು ಏನೇನು ಬೇಕು? ಥಾಣೆ, ಕಲ್ಯಾಣ್ ಕೆರೆಗಳಿಂದ ಫ್ಲ್ಯಾಟ್‌ನ ಗಾಜಿನ ತೊಟ್ಟಿವರೆಗೆ, ಇಲ್ಲಿದೆ ಸಂಪೂರ್ಣ ಮಾಹಿತಿ

ಥಾಣೆ: ಆಮೆಗೆ ದೀರ್ಘಾಯುಷ್ಯ, ಗಟ್ಟಿ ಚಿಪ್ಪಿದೆ, ಏನು ಹಾಕಿದರೂ ತಿಂದು ಎಲ್ಲಿ ಇಟ್ಟರೂ ಬದುಕುತ್ತದೆ ಎಂಬ ನಂಬಿಕೆ ನಮ್ಮಲ್ಲಿ ಬಹಳ ಜನರಿಗಿದೆ. ಬದುಕುತ್ತದೆ ಎಂಬುದು ಅರ್ಧ ನಿಜ. ಆದರೆ ಸರಿಯಾಗಿ ಬೆಳೆಯುತ್ತದೆಯೇ, ಮರಿ ಮಾಡುತ್ತದೆಯೇ ಎಂದು ಕೇಳಿದರೆ ಉತ್ತರ ಬೇರೆ. ಕೆಟ್ಟ ಜಾಗದಲ್ಲಿರುವ ಆಮೆ ತಕ್ಷಣ ಸಾಯುವುದಿಲ್ಲ. ವರ್ಷಗಟ್ಟಲೆ ಕುಗ್ಗುತ್ತಾ ಹೋಗುತ್ತದೆ, ಅದು ನಮ್ಮ ಕಣ್ಣಿಗೆ ಬೀಳುವುದು ತಡವಾಗಿ.

ಥಾಣೆ, ಡೊಂಬಿವಲಿ, ಕಲ್ಯಾಣ್, ನವಿ ಮುಂಬೈ ಭಾಗದಲ್ಲಿ ಈ ಪ್ರಶ್ನೆಗೆ ಎರಡು ಮುಖಗಳಿವೆ. ಒಂದು, ಇಲ್ಲಿನ ಕೆರೆ, ಹೊಳೆಗಳಲ್ಲಿರುವ ಕಾಡು ಆಮೆಗಳು. ಇನ್ನೊಂದು, ಅಪಾರ್ಟ್‌ಮೆಂಟ್‌ಗಳಲ್ಲಿ 'ಅದೃಷ್ಟ'ಕ್ಕಾಗಿಯೋ ಮಕ್ಕಳ ಖುಷಿಗಾಗಿಯೋ ತಂದಿಟ್ಟುಕೊಂಡ ಆಮೆಗಳು. ಎರಡಕ್ಕೂ ಜೀವಶಾಸ್ತ್ರದ ನಿಯಮ ಒಂದೇ.

ಈ ಭಾಗದಲ್ಲಿ ಯಾವ ಆಮೆಗಳು ಕಾಣಸಿಗುತ್ತವೆ?

ಕನ್ನಡದಲ್ಲಿ ನೆಲದ ಮೇಲಿನದ್ದಕ್ಕೂ ನೀರಿನದ್ದಕ್ಕೂ ಆಮೆ ಎಂದೇ ಹೆಸರು. ಆದರೆ ಎರಡರ ಅಗತ್ಯಗಳು ಪೂರ್ತಿ ಬೇರೆ.

ಈ ಭಾಗದ ಸಿಹಿನೀರಿನ ಕೆರೆಗಳಲ್ಲಿ ಮುಖ್ಯವಾಗಿ ಕಾಣುವುದು ಮೃದುಚಿಪ್ಪಿನ ಫ್ಲ್ಯಾಪ್‌ಶೆಲ್ ಆಮೆ. ಕಾಲುಗಳನ್ನು ಒಳಗೆಳೆದುಕೊಂಡಾಗ ಹೊಟ್ಟೆಯ ಕಡೆಯ ಮಡಿಕೆಗಳು ಬಾಗಿಲಿನಂತೆ ಮುಚ್ಚಿಕೊಳ್ಳುವುದರಿಂದ ಈ ಹೆಸರು. ಪಶ್ಚಿಮ ಘಟ್ಟದ ಕಡೆ ಗಟ್ಟಿ ಚಿಪ್ಪಿನ ಕಪ್ಪು ಆಮೆಯೂ ಇದೆ.

ನಕ್ಷತ್ರ ಆಮೆ ನೆಲದ ಆಮೆ. ಇದು ಕೊಂಕಣದ ಪ್ರಾಣಿಯಲ್ಲ. ಗುಜರಾತ್, ರಾಜಸ್ಥಾನ, ಆಂಧ್ರಪ್ರದೇಶ, ತಮಿಳುನಾಡು ಮತ್ತು ನಮ್ಮ ಕರ್ನಾಟಕದ ಒಣ ಕುರುಚಲು ಕಾಡು, ಹುಲ್ಲುಗಾವಲು ಇದರ ಮನೆ. ಥಾಣೆಯ ಫ್ಲ್ಯಾಟ್‌ಗೆ ಇದು ಬಂದಿದ್ದರೆ ಅಕ್ರಮ ಮಾರಾಟದ ದಾರಿಯಲ್ಲೇ ಬಂದಿರುತ್ತದೆ. ಇನ್ನು ಕಿವಿಯ ಬಳಿ ಕೆಂಪು ಪಟ್ಟಿ ಇರುವ ರೆಡ್ ಇಯರ್ಡ್ ಸ್ಲೈಡರ್ ಅಮೆರಿಕದ ಮಿಸಿಸಿಪ್ಪಿ ನದಿ ಪ್ರದೇಶದ್ದು. ಅಕ್ವೇರಿಯಂ ಅಂಗಡಿಗಳಲ್ಲಿ ನಾಣ್ಯದಷ್ಟು ಚಿಕ್ಕದಾಗಿ ಸಿಗುವುದು ಇದೇ.

ಗಂಡೋ ಹೆಣ್ಣೋ? ನಿರ್ಧರಿಸುವುದು ಮಣ್ಣಿನ ಬಿಸಿ

ಆಮೆ ಮೊಟ್ಟೆಗೆ ಕಾವು ಕೊಡುವುದಿಲ್ಲ. ಹೆಣ್ಣು ಹಿಂಗಾಲುಗಳಿಂದ ಗುಂಡಿ ತೋಡಿ, ಮೊಟ್ಟೆಯಿಟ್ಟು, ಮಣ್ಣು ಮುಚ್ಚಿ ಹೋಗಿಬಿಡುತ್ತದೆ. ಮುಂದಿನ ಕೆಲಸವೆಲ್ಲ ಮಣ್ಣಿನದ್ದು. ನಕ್ಷತ್ರ ಆಮೆ ಗಟ್ಟಿ ನೆಲವನ್ನು ತನ್ನ ಮೂತ್ರದಿಂದಲೇ ನೆನೆಸಿ ಮೆತ್ತಗೆ ಮಾಡಿಕೊಂಡು ಅಗೆಯುತ್ತದೆ. ಮಳೆಗಾಲದಲ್ಲಿ ಕೂಡುವ ಈ ಆಮೆ ಒಂದು ಸಲಕ್ಕೆ ಸಾಮಾನ್ಯವಾಗಿ ಬೆರಳೆಣಿಕೆಯಷ್ಟು ಮೊಟ್ಟೆ ಮಾತ್ರ ಇಡುತ್ತದೆ. ಅವು ಒಡೆಯಲು ತಿಂಗಳುಗಳೇ ಬೇಕು. ಎಷ್ಟು ತಿಂಗಳು ಎಂಬುದು ಮಣ್ಣಿನ ಬಿಸಿ ಮತ್ತು ತೇವದ ಮೇಲೆ ನಿಂತಿದೆ.

ನಕ್ಷತ್ರ ಆಮೆ, ಕಡಲಾಮೆ, ಸ್ಲೈಡರ್ ಸೇರಿದಂತೆ ಬಹುತೇಕ ಆಮೆಗಳಲ್ಲಿ ಮರಿ ಗಂಡೋ ಹೆಣ್ಣೋ ಎಂಬುದನ್ನು ವಂಶವಾಹಿ ತೀರ್ಮಾನಿಸುವುದಿಲ್ಲ, ಗೂಡಿನ ಉಷ್ಣಾಂಶ ತೀರ್ಮಾನಿಸುತ್ತದೆ. ತಂಪಾದ ಗೂಡಿನಲ್ಲಿ ಗಂಡು ಹೆಚ್ಚು, ಬಿಸಿಯಾದ ಗೂಡಿನಲ್ಲಿ ಹೆಣ್ಣು ಹೆಚ್ಚು. ನಡುವಿನ ಅಂತರ ಕೆಲವೇ ಡಿಗ್ರಿ. ಗೂಡಿನ ಮೇಲೆ ನೆರಳು ಕೊಡುತ್ತಿದ್ದ ಗಿಡ ಕಡಿದರೆ, ಪಕ್ಕದಲ್ಲಿ ಕಾಂಕ್ರೀಟ್ ಬಂದು ನೆಲ ಕಾದರೆ, ಹುಟ್ಟುವ ಮರಿಗಳ ಲೆಕ್ಕವೇ ಬದಲಾಗಬಹುದು. ಬಿಸಿ ಇನ್ನೂ ಏರಿದರೆ ಭ್ರೂಣವೇ ಸಾಯುತ್ತದೆ.

ಕೆರೆಗೆ ಕಲ್ಲಿನ ಗೋಡೆ ಬಂದರೆ ಆಮೆಗೇನು ಕಷ್ಟ?

ಥಾಣೆಗೆ ಕೆರೆಗಳ ನಗರ ಎಂದೇ ಹೆಸರು. ತಲಾವ್ ಪಾಳಿ ಎಂದು ಎಲ್ಲರೂ ಕರೆಯುವ ಮಾಸುಂದಾ ಕೆರೆ, ಯೇವೂರು ಗುಡ್ಡದ ಬುಡದ ಉಪವನ ಕೆರೆ, ಕಚರಾಳಿ ಕೆರೆ, ಹೀಗೆ ಪಟ್ಟಿ ಉದ್ದವಿದೆ. ಸಂಜೆಯ ವಾಕಿಂಗ್‌ಗೆ ಇವು ಚೆಂದ. ದಡಕ್ಕೆ ಕಲ್ಲು ಕಟ್ಟಿ, ಟೈಲ್ಸ್ ಹಾಸಿ, ದೀಪ ಹಾಕಿದಾಗ ಜನರಿಗೆ ಅನುಕೂಲ.

ಆದರೆ ಫ್ಲ್ಯಾಪ್‌ಶೆಲ್ ಆಮೆ ನೀರಲ್ಲಿ ಬದುಕಿದರೂ ಮೊಟ್ಟೆ ಇಡುವುದು ದಡದ ಮಣ್ಣಿನಲ್ಲಿ. ಕಡಿದಾದ ಗೋಡೆ ಇದ್ದರೆ ಹೆಣ್ಣು ಮೇಲೆ ಹತ್ತಲಾರದು. ಹತ್ತಿದರೂ ಟೈಲ್ಸ್ ಅಗೆಯಲಾಗದು. ಜಾಗ ಸಿಗದ ಹೆಣ್ಣು ಮೊಟ್ಟೆಗಳನ್ನು ಹೊಟ್ಟೆಯಲ್ಲೇ ಉಳಿಸಿಕೊಳ್ಳುವುದುಂಟು. ಹೆಚ್ಚು ದಿನ ಹಾಗೇ ಉಳಿದರೆ ಸೋಂಕು ತಗುಲಿ ಜೀವಕ್ಕೇ ಅಪಾಯ. ಹೀಗಾಗಿ ಕೆರೆಯಲ್ಲಿ ದೊಡ್ಡ ಆಮೆಗಳು ಕಾಣುತ್ತಿದ್ದರೂ ಮರಿಗಳು ಕಾಣದಿದ್ದರೆ ಎಲ್ಲ ಸರಿಯಿದೆ ಎಂದು ತಿಳಿಯುವಂತಿಲ್ಲ. ಆಮೆಗಳು ದಶಕಗಳ ಕಾಲ ಬದುಕುವ ಕಾರಣ, ಮರಿಯೇ ಇಲ್ಲದ ಕೆರೆಯೂ ಬಹಳ ವರ್ಷ ಆಮೆ ಇರುವ ಕೆರೆಯಂತೆಯೇ ತೋರುತ್ತದೆ.

ಇನ್ನೊಂದು ಸಂಗತಿ ಕೆಲಸದ ಕ್ಯಾಲೆಂಡರ್‌ಗೆ ಸಂಬಂಧಿಸಿದ್ದು. ಫ್ಲ್ಯಾಪ್‌ಶೆಲ್ ಭ್ರೂಣ ಮೊಟ್ಟೆಯೊಳಗೆ ಕೆಲಕಾಲ ಬೆಳವಣಿಗೆ ನಿಲ್ಲಿಸಿ ಕಾಯಬಲ್ಲದು. ಮಳೆಗಾಲದ ನಂತರ ಇಟ್ಟ ಮೊಟ್ಟೆ ಮುಂದಿನ ಮಳೆಗಾಲದ ಹೊತ್ತಿಗೆ ಒಡೆಯುವುದುಂಟು. ಅಂದರೆ ಬೇಸಿಗೆಯಿಡೀ ಆ ಮಣ್ಣು ಕದಲದೇ ಇರಬೇಕು. ಆದರೆ ಮಳೆಗೆ ಮುಂಚೆ ಹೂಳೆತ್ತುವ, ದಡ ಸರಿಪಡಿಸುವ ಕೆಲಸ ನಡೆಯುವುದೂ ಬೇಸಿಗೆಯಲ್ಲೇ. ನೀರು ಇಳಿದಾಗ ದೊಡ್ಡ ಆಮೆಗಳು ಕೆಸರಿನೊಳಗೆ ಹೂತುಕೊಂಡು ಮಲಗಿರುತ್ತವೆ. ಜೆಸಿಬಿಗೆ ಅದು ಬರೀ ಹೂಳು.

ಕಲ್ಯಾಣ್ ಗೌರಿಪಾಡಾ ಕೆರೆ ಕಲಿಸಿದ ಪಾಠ

2021ರ ಆರಂಭದಲ್ಲಿ ಕಲ್ಯಾಣ್‌ನ ಗೌರಿಪಾಡಾ ಕೆರೆಯಲ್ಲಿ ಹತ್ತಾರು ಆಮೆಗಳು ಸತ್ತು ತೇಲಿದ್ದು ದೊಡ್ಡ ಸುದ್ದಿಯಾಗಿತ್ತು. ಮೀನಾಗಿದ್ದರೆ ಮುಂದಿನ ಒಂದೆರಡು ಮಳೆಗಾಲದಲ್ಲಿ ಸಂಖ್ಯೆ ಮತ್ತೆ ಏರುತ್ತಿತ್ತು. ಆಮೆಯ ಲೆಕ್ಕ ಹಾಗಲ್ಲ. ಒಂದು ಆಮೆ ಮೊಟ್ಟೆ ಇಡುವ ವಯಸ್ಸಿಗೆ ಬರಲು ಹಲವು ವರ್ಷ ಬೇಕು. ಇಟ್ಟ ಮೊಟ್ಟೆಗಳಲ್ಲಿ ನಾಯಿ, ಮುಂಗುಸಿ, ಉಡ, ಕಾಗೆಗಳ ಬಾಯಿ ತಪ್ಪಿಸಿಕೊಂಡು ದೊಡ್ಡದಾಗುವುದು ಕೆಲವು ಮಾತ್ರ. ಆದ್ದರಿಂದ ಬಲಿತ ಆಮೆಗಳು ಒಟ್ಟಿಗೆ ಸತ್ತರೆ ಆ ಕೆರೆ ಚೇತರಿಸಿಕೊಳ್ಳಲು ದಶಕಗಳೇ ಹಿಡಿಯಬಹುದು.

ನೀರಿನ ಗುಣಮಟ್ಟ ಆಮೆಯನ್ನು ಎರಡು ರೀತಿಯಲ್ಲಿ ತಟ್ಟುತ್ತದೆ. ಮೊದಲನೆಯದು ಆಹಾರ. ಫ್ಲ್ಯಾಪ್‌ಶೆಲ್ ಬಸವನಹುಳು, ಮೀನು, ಕಪ್ಪೆ, ಜಲಸಸ್ಯ, ಸತ್ತ ಪ್ರಾಣಿ ಎಲ್ಲವನ್ನೂ ತಿನ್ನುತ್ತದೆ. ಒಳಚರಂಡಿ ನೀರು ಸೇರಿ ಕರಗಿದ ಆಮ್ಲಜನಕ ಕುಸಿದರೆ ಮೊದಲು ಹೋಗುವುದು ಮೀನು, ಆಮೇಲೆ ಆಮೆಯ ಊಟ. ಊಟ ಕಡಿಮೆಯಾದರೆ ಬೆಳವಣಿಗೆ ನಿಧಾನ, ಬಲಿಯುವುದು ತಡ, ಮೊಟ್ಟೆ ಕಡಿಮೆ. ಎರಡನೆಯದು ಚರ್ಮ. ಮೃದುಚಿಪ್ಪಿನ ಆಮೆಗಳು ಚರ್ಮದ ಮೂಲಕವೂ ಸ್ವಲ್ಪ ಆಮ್ಲಜನಕ ಪಡೆಯಬಲ್ಲವು. ಹಾಗಾಗಿ ಕೊಳಕು ನೀರು ನೇರವಾಗಿ ಮೈಗೆ ತಟ್ಟಿ ಚಿಪ್ಪು ಕೊಳೆಯುವ, ಹುಣ್ಣಾಗುವ ರೋಗಗಳು ಬರುತ್ತವೆ.

ಕಲ್ಯಾಣ್ ಬಳಿ ಉಲ್ಹಾಸ್ ನದಿಯ ಮೇಲೆ ಹರಡಿಕೊಳ್ಳುವ ಜಲಪರ್ಣಿ ಕಳೆಯನ್ನು ನೋಡಿದವರಿಗೆ ಇದು ಅರ್ಥವಾಗುತ್ತದೆ. ಹಸಿರು ಚಾಪೆಯಂತೆ ಕಾಣುವ ಆ ಕಳೆ ನೀರಿಗೆ ಬಿಸಿಲು ಬೀಳದಂತೆ ತಡೆಯುತ್ತದೆ, ಕೊಳೆತಾಗ ಆಮ್ಲಜನಕ ಹೀರುತ್ತದೆ. ಊರಿನ ಕೊಳಚೆ ನೀರಿನ ಪೋಷಕಾಂಶವೇ ಅದಕ್ಕೆ ಗೊಬ್ಬರ.

ಫ್ಲ್ಯಾಟ್‌ನಲ್ಲಿ ಸಾಕಿದ ಆಮೆಗೆ ಏನಾಗುತ್ತದೆ?

ಸೂರ್ಯನ ಬೆಳಕಿನಲ್ಲಿರುವ ಯುವಿ-ಬಿ ಕಿರಣ ಮೈಮೇಲೆ ಬಿದ್ದಾಗ ಆಮೆಯ ದೇಹದಲ್ಲಿ ವಿಟಮಿನ್ ಡಿ3 ತಯಾರಾಗುತ್ತದೆ. ಅದಿಲ್ಲದೆ ತಿಂದ ಕ್ಯಾಲ್ಸಿಯಂ ಮೈಗೆ ಹತ್ತುವುದಿಲ್ಲ. ಕಿಟಕಿಯ ಗಾಜು ಈ ಕಿರಣವನ್ನು ಬಹುಪಾಲು ತಡೆದುಬಿಡುತ್ತದೆ. ಬಾಲ್ಕನಿಯ ಗಾಜಿನ ಹಿಂದೆ ಇಟ್ಟು 'ಬಿಸಿಲು ಬೀಳುತ್ತಿದೆ' ಎಂದುಕೊಂಡರೆ ಆಮೆಗೆ ಸಿಗುವುದು ಬೆಳಕು ಮತ್ತು ಶಾಖ ಮಾತ್ರ. ಪರಿಣಾಮವಾಗಿ ಚಿಪ್ಪು ಮೆತ್ತಗಾಗುತ್ತದೆ, ಕಾಲು ಸೊಟ್ಟಗಾಗುತ್ತದೆ, ನಡೆಯಲಾಗದ ಸ್ಥಿತಿ ಬರುತ್ತದೆ. ಹೆಣ್ಣಾಗಿದ್ದರೆ ಮೊಟ್ಟೆಯ ಚಿಪ್ಪಿಗೂ ಬೇಕಾಗುವುದು ಅದೇ ಕ್ಯಾಲ್ಸಿಯಂ.

ಸಾಕಿದ ನೆಲದ ಆಮೆಗಳ ಚಿಪ್ಪಿನ ಮೇಲೆ ಗೋಪುರದಂಥ ಉಬ್ಬುಗಳು ಏಳುವುದನ್ನು ನೀವು ನೋಡಿರಬಹುದು. ನಕ್ಷತ್ರ ಆಮೆಯ ಚಿಪ್ಪು ಹುಟ್ಟಾ ಸ್ವಲ್ಪ ಉಬ್ಬು, ಆದರೆ ಸಾಕಿದವುಗಳಲ್ಲಿ ಇದು ವಿಪರೀತವಾಗುತ್ತದೆ. ಹೆಚ್ಚು ಪ್ರೋಟೀನ್ ತಿನ್ನಿಸಿದ್ದೇ ಕಾರಣ ಎಂದು ಬಹುಕಾಲ ನಂಬಲಾಗಿತ್ತು. ಆಫ್ರಿಕಾದ ನೆಲದ ಆಮೆ ಮರಿಗಳ ಮೇಲೆ ನಡೆದು 2003ರಲ್ಲಿ ಪ್ರಕಟವಾದ ಅಧ್ಯಯನವೊಂದು, ಪ್ರೋಟೀನ್‌ಗಿಂತ ಗಾಳಿಯ ತೇವಾಂಶದ ಪಾತ್ರ ದೊಡ್ಡದು ಎಂದು ತೋರಿಸಿತು. ಒಣ ಗಾಳಿಯಲ್ಲಿ ಬೆಳೆದ ಮರಿಗಳಲ್ಲಿ ಉಬ್ಬು ಹೆಚ್ಚಾಗಿತ್ತು. ಇಡೀ ದಿನ ಎಸಿ ಓಡುವ ಕೋಣೆ ಎಂಥ ಜಾಗ ಎಂಬುದನ್ನು ಇದರಿಂದಲೇ ಊಹಿಸಬಹುದು.

ಆಮೆ ಬಲಿಯುವುದು ವಯಸ್ಸಿನಿಂದ ಮಾತ್ರವಲ್ಲ, ಗಾತ್ರದಿಂದಲೂ. ಬೆಳವಣಿಗೆ ಕುಂಠಿತವಾದ ಹೆಣ್ಣು ಮೊಟ್ಟೆ ಇಡುವುದು ತಡವಾಗುತ್ತದೆ. ಅತಿಯಾಗಿ ತಿನ್ನಿಸಿ ಬೇಗ ಉಬ್ಬಿಸಿದ ಆಮೆಯೂ ಆರೋಗ್ಯವಂತ ಅಲ್ಲ. ಬ್ರೆಡ್, ಬಿಸ್ಕತ್, ಅನ್ನ, ಚುರುಮುರಿ ಯಾವ ಆಮೆಯ ಆಹಾರವೂ ಅಲ್ಲ. ಕೆರೆಗೆ ಇವನ್ನು ಎಸೆಯುವುದರಿಂದ ನೀರು ಕೆಡುತ್ತದೆಯೇ ಹೊರತು ಆಮೆಗೆ ಪುಣ್ಯ ಸಿಗುವುದಿಲ್ಲ.

ಜಾಗ ಸುಧಾರಿಸಿದರೆ ಸಂತತಿ ಮರಳುತ್ತದೆಯೇ?

ಮರಳಿದ ಉದಾಹರಣೆಗಳಿವೆ. ಮುಂಬೈನ ವರ್ಸೋವಾ ಕಡಲತೀರದಲ್ಲಿ 2015ರಲ್ಲಿ ವಕೀಲ ಅಫ್ರೋಜ್ ಶಾ ಆರಂಭಿಸಿದ ಸ್ವಚ್ಛತಾ ಅಭಿಯಾನ ನಿಮಗೆ ನೆನಪಿರಬಹುದು. ಕಸದ ರಾಶಿ ತೆರವಾದ ನಂತರ, 2018ರ ಮಾರ್ಚ್‌ನಲ್ಲಿ ಅಲ್ಲಿ ಆಲಿವ್ ರಿಡ್ಲೆ ಕಡಲಾಮೆಯ ಮರಿಗಳು ಮರಳಿನಿಂದ ಹೊರಬಂದು ಸಮುದ್ರ ಸೇರಿದವು. ಸುಮಾರು ಎರಡು ದಶಕಗಳ ನಂತರ ಕಂಡ ದೃಶ್ಯ ಅದು. ಸ್ವಚ್ಛತೆಯೊಂದೇ ಕಾರಣ ಎಂದು ಹೇಳಲಾಗದಿದ್ದರೂ, ಪ್ಲಾಸ್ಟಿಕ್ ಹಾಸಿನ ಮೇಲೆ ಯಾವ ಆಮೆಯೂ ಗೂಡು ತೋಡಲಾರದು.

ಎರಡನೆಯದು ಗ್ಯಾಲಪಗೋಸ್‌ನ ಎಸ್ಪನ್ಯೋಲಾ ದ್ವೀಪದ್ದು. ಮನುಷ್ಯರು ತಂದುಬಿಟ್ಟ ಮೇಕೆಗಳು ಸಸ್ಯಗಳನ್ನೆಲ್ಲ ಬೋಳಿಸಿದ್ದರಿಂದ 1960ರ ದಶಕದ ಹೊತ್ತಿಗೆ ಅಲ್ಲಿ ಉಳಿದ ದೈತ್ಯ ಆಮೆಗಳು ಕೇವಲ 14: 12 ಹೆಣ್ಣು, 2 ಗಂಡು. ಅವನ್ನು ಬೇರೆಡೆ ಇಟ್ಟು ಸಂತಾನಾಭಿವೃದ್ಧಿ ಮಾಡಲಾಯಿತು. ಅಮೆರಿಕದ ಸ್ಯಾನ್ ಡಿಯಾಗೋ ಮೃಗಾಲಯದಿಂದ ಬಂದ ಡಿಯಾಗೋ ಎಂಬ ಗಂಡು ಆಮೆಯೂ ಜೊತೆಯಾಯಿತು. ಇತ್ತ 1978ರಲ್ಲಿ ದ್ವೀಪವನ್ನು ಮೇಕೆಮುಕ್ತಗೊಳಿಸಲಾಯಿತು. ಸಂಖ್ಯೆ ಸುಮಾರು 2,000ಕ್ಕೆ ಏರಿದ ಬಳಿಕ, 2020ರಲ್ಲಿ ಆ ಹಳೆಯ 15 ಆಮೆಗಳೂ ಮನೆಗೆ ಮರಳಿದವು. ದ್ವೀಪ ಸರಿಹೋಗದಿದ್ದರೆ ಎಷ್ಟು ಮರಿ ಮಾಡಿಸಿದರೂ ಬಿಡಲು ಜಾಗವೇ ಇರುತ್ತಿರಲಿಲ್ಲ.

'ಕೆರೆಗೆ ಬಿಟ್ಟುಬಿಡೋಣ' ಎನ್ನುವುದು ಯಾಕೆ ತಪ್ಪು?

ಸಾಕಿ ಸಾಕಾದಾಗ ಆಮೆಯನ್ನು ದೇವಸ್ಥಾನದ ಕಲ್ಯಾಣಿಗೋ, ಉಪವನ ಕೆರೆಗೋ, ಯೇವೂರು ಕಾಡಿಗೋ ಬಿಟ್ಟರೆ ಒಳ್ಳೆಯದು ಮಾಡಿದೆವು ಎಂಬ ಭಾವನೆ ಹಲವರಿಗೆ. ನಕ್ಷತ್ರ ಆಮೆಯನ್ನು ನೀರಿಗೆ ಬಿಟ್ಟರೆ ಮುಳುಗಿ ಸಾಯುತ್ತದೆ, ಅದಕ್ಕೆ ಈಜು ಬಾರದು. ಕೊಂಕಣದ ಜಡಿಮಳೆಯ ಕಾಡಿಗೆ ಬಿಟ್ಟರೆ ಶ್ವಾಸಕೋಶದ ಸೋಂಕು ತಗುಲಬಹುದು. ಸ್ಲೈಡರ್ ಆಮೆಯದ್ದು ತದ್ವಿರುದ್ಧ ಕಥೆ. ಅದು ಬದುಕಿ ಬೆಳೆದು, ಬಿಸಿಲು ಕಾಯುವ ಜಾಗ ಮತ್ತು ಆಹಾರಕ್ಕಾಗಿ ಸ್ಥಳೀಯ ಆಮೆಗಳ ಜೊತೆ ಪೈಪೋಟಿಗೆ ಇಳಿಯುತ್ತದೆ. ಜಗತ್ತಿನ 100 ಅತಿ ಅಪಾಯಕಾರಿ ಆಕ್ರಮಣಕಾರಿ ಜೀವಿಗಳ ಪಟ್ಟಿಯಲ್ಲಿ ಅದರ ಹೆಸರಿದೆ. ಜೊತೆಗೆ ಸಾಕಿದ ಆಮೆಯ ರೋಗಾಣುಗಳು ಕಾಡಿನ ಆಮೆಗಳಿಗೆ ದಾಟುವ ಅಪಾಯವೂ ಉಂಟು.

ಸಿಂಗಾಪುರದಲ್ಲಿ ರಕ್ಷಿಸಲಾದ 51 ನಕ್ಷತ್ರ ಆಮೆಗಳನ್ನು 2018ರಲ್ಲಿ ಕರ್ನಾಟಕಕ್ಕೆ ವಾಪಸ್ ತಂದಾಗಲೂ ನೇರವಾಗಿ ಕಾಡಿಗೆ ಬಿಡುವ ಯೋಚನೆ ಇರಲಿಲ್ಲ. ಪ್ರತ್ಯೇಕವಾಗಿಟ್ಟು, ಆರೋಗ್ಯ ನೋಡಿ, ಇಲ್ಲಿನ ವಾತಾವರಣಕ್ಕೆ ಒಗ್ಗಿಸುವುದೇ ಮೊದಲ ಹೆಜ್ಜೆಯಾಗಿತ್ತು.

ಕಾನೂನು ಏನು ಹೇಳುತ್ತದೆ?

ವನ್ಯಜೀವಿ ಸಂರಕ್ಷಣಾ ಕಾಯ್ದೆಗೆ 2022ರಲ್ಲಿ ತಂದ ತಿದ್ದುಪಡಿ 2023ರ ಏಪ್ರಿಲ್ 1ರಿಂದ ಜಾರಿಯಲ್ಲಿದೆ. ನಕ್ಷತ್ರ ಆಮೆ ಮತ್ತು ಫ್ಲ್ಯಾಪ್‌ಶೆಲ್ ಆಮೆ ಎರಡೂ ಈಗ ಮೊದಲ ಪರಿಶಿಷ್ಟದಲ್ಲಿವೆ. ಹಿಡಿಯುವುದು, ಮಾರುವುದು, ಕೊಳ್ಳುವುದು, ಮನೆಯಲ್ಲಿ ಇಟ್ಟುಕೊಳ್ಳುವುದು ಎಲ್ಲವೂ ಅಪರಾಧ. ಶಿಕ್ಷೆ ಕನಿಷ್ಠ 3 ವರ್ಷ, ಗರಿಷ್ಠ 7 ವರ್ಷ ಜೈಲು, ಜೊತೆಗೆ ಕನಿಷ್ಠ 25,000 ರೂಪಾಯಿ ದಂಡ. 2019ರಿಂದ ನಕ್ಷತ್ರ ಆಮೆಯ ಅಂತಾರಾಷ್ಟ್ರೀಯ ವ್ಯಾಪಾರಕ್ಕೂ ನಿಷೇಧವಿದೆ.

ನೀವು ಏನು ಮಾಡಬಹುದು?

* ರಸ್ತೆ, ಕಟ್ಟಡದ ಕೆಲಸದ ಜಾಗ ಅಥವಾ ಚರಂಡಿಯಲ್ಲಿ ಆಮೆ ಸಿಕ್ಕರೆ ಮಹಾರಾಷ್ಟ್ರ ಅರಣ್ಯ ಇಲಾಖೆಯ 'ಹಲೋ ಫಾರೆಸ್ಟ್' ಸಹಾಯವಾಣಿ 1926ಕ್ಕೆ ಕರೆ ಮಾಡಿ. ಅಲ್ಲಿಯವರೆಗೆ ಗಾಳಿಯಾಡುವ ಡಬ್ಬದಲ್ಲಿ, ನೆರಳಿನಲ್ಲಿ ಇಡಿ.
* ಮನೆಯಲ್ಲಿ ಸ್ಲೈಡರ್ ಇದ್ದರೆ ಯಾವ ಕೆರೆಗೂ ಬಿಡಬೇಡಿ. ಮುಟ್ಟಿದ ಮೇಲೆ ಸೋಪಿನಿಂದ ಕೈ ತೊಳೆಯಿರಿ, ಸಾಲ್ಮೊನೆಲ್ಲಾ ಸೋಂಕು ಹರಡಬಹುದು. ಇದೇ ಕಾರಣಕ್ಕೆ ಅಮೆರಿಕದಲ್ಲಿ 1975ರಿಂದ 4 ಇಂಚಿಗಿಂತ ಚಿಕ್ಕ ಆಮೆಗಳ ಮಾರಾಟಕ್ಕೆ ನಿಷೇಧವಿದೆ.
* ಗಣೇಶ ವಿಸರ್ಜನೆಗೆ ಪಾಲಿಕೆಯ ಕೃತಕ ಹೊಂಡ ಬಳಸಿ.
* ನಿಮ್ಮ ಬಡಾವಣೆಯ ಕೆರೆಯ ಸೌಂದರ್ಯೀಕರಣದ ಯೋಜನೆ ಬಂದರೆ, ಒಂದು ಬದಿಯ ದಡವನ್ನಾದರೂ ಇಳಿಜಾರಾದ ಮಣ್ಣಾಗಿ ಉಳಿಸಲು ವಾರ್ಡ್ ಕಚೇರಿಗೆ ಲಿಖಿತ ಮನವಿ ಕೊಡಿ. ಹೂಳೆತ್ತುವ ಮುನ್ನ ಆಮೆಗಳನ್ನು ಸ್ಥಳಾಂತರಿಸುವಂತೆಯೂ ಕೇಳಿ.

ಇವುಗಳಲ್ಲಿ ಕೊನೆಯದ್ದೇ ಎಲ್ಲಕ್ಕಿಂತ ಮುಖ್ಯ. ಕೆಲವು ಮೀಟರ್ ಮಣ್ಣಿನ ದಡ, ಅದರ ಮೇಲೊಂದಿಷ್ಟು ಹುಲ್ಲು, ಪಕ್ಕದಲ್ಲಿ ಕೊಳಚೆ ಸೇರದ ನೀರು. ಒಂದು ಕೆರೆಯಲ್ಲಿ ಆಮೆಗಳ ಮುಂದಿನ ತಲೆಮಾರು ಇರುತ್ತದೋ ಇಲ್ಲವೋ ಎಂಬುದು ಇಷ್ಟರಲ್ಲೇ ತೀರ್ಮಾನವಾಗುತ್ತದೆ.